ಭೂಕಂಪ ಎರಡನೆಯ ಸುದ್ದಿ

ಅಕ್ಕ ಕೈ ಉಳುಕಿಸಿಕೊಂಡದ್ದೇ ಎಲ್ಲಕ್ಕೂ ಮೂಲ. ಸಚಿವರು ಹೊಸ ಆಸ್ಪತ್ರೆ ಉದ್ಘಾಟಿಸಿದ ಸುದ್ದಿಯನ್ನು ಹಿಂದಿನ ಸಂಜೆ ಅವಳ ತಮ್ಮನೇ ಟಿವಿಯಲ್ಲಿ ಬಾಯಿ ತುಂಬಾ ಓದಿದ್ದ. ಬೆಳಿಗ್ಗೆ ಅಲ್ಲಿಗೆ ಹೋದರೆ ಕತ್ತರಿಸಿದ ರಿಬ್ಬನ್ ಬಿದ್ದಿತ್ತು, ವೈದ್ಯರ ಸುಳಿವಿರಲಿಲ್ಲ.

“ನೀನು ಓದಿದ್ದು ಅಂತ ನಂಬಿ ಹೋದೆ ಕಣೋ,” ಎಂದಳು ಅಕ್ಕ. “ಇನ್ಮೇಲೆ ನೀನು ಮಳೆ ಬರುತ್ತೆ ಅಂದ್ರೆ ಬಟ್ಟೆ ಒಣಗಿಹಾಕ್ತೀನಿ.”

ಇಪ್ಪತ್ತೆರಡು ವರ್ಷ ಸುದ್ದಿ ಓದಿದವನಿಗೆ ಕೆನ್ನೆಗೆ ಬಾರಿಸಿದಂತಾಯಿತು. ಅವನ ಸರ್ಕಾರಿ ಟಿವಿ ಕೇಂದ್ರದಲ್ಲಿ ಭೂಮಿ ಬಾಯ್ಬಿಟ್ಟರೂ ಮೊದಲ ಸುದ್ದಿ ಸಚಿವರದ್ದೇ, ಭೂಕಂಪ ಎರಡನೆಯದು. ಇವತ್ತು ಆ ಪದ್ಧತಿ ಮುರಿಯಲೇಬೇಕೆಂದು ಟೊಂಕ ಕಟ್ಟಿ ಹೊರಟ.

ಮೇಕಪ್ಪಿನಾಕೆಗೆ ಗುಟ್ಟು ಹೇಳಿದ್ದು ತಪ್ಪಾಯಿತು. ಒಂದು ಕೆನ್ನೆಗೆ ಪೌಡರ್ ಹಚ್ಚಿ, ನೀರು ತರುತ್ತೇನೆಂದು ಹೋದವಳು ನಿರ್ದೇಶಕರನ್ನೇ ಕರೆತಂದಳು.

“ನಮ್ಮ ಅನುದಾನದ ಕಡತ ಸಚಿವರ ಮೇಜಿನ ಮೇಲಿದೆಯಪ್ಪ,” ನಿರ್ದೇಶಕರು ಕೈ ಮುಗಿದರು. “ಸಹಿ ಬೀಳೋವರೆಗೂ ಸೀನೋದಾದ್ರೂ ಮೆಲ್ಲಗೆ ಸೀನು.”

“ಟಿವಿ ನಡೀತಿರೋದು ಜನರ ತೆರಿಗೆಯಿಂದ ಸಾರ್. ಸಚಿವರ ಅಪ್ಪನ ಮನೆ ಗಂಟೇನಲ್ಲ.”

“ಕೆಲಸ ಹೋಗುತ್ತೆ.”

“ಹೋಗ್ಲಿ. ಮಾನ ಬೆಳಿಗ್ಗೇನೇ ಹೋಯ್ತು.”

ಅಷ್ಟರಲ್ಲಿ ಏಳು ಹೊಡೆಯಿತು. ಒಂದೇ ಕೆನ್ನೆ ಬಿಳುಪಾಗಿದ್ದ ಮುಖ ಹೊತ್ತು ಕ್ಯಾಮೆರಾದ ಮುಂದೆ ಕೂತು, ಕೊಟ್ಟ ಕಾಗದವನ್ನು ಮಡಚಿಟ್ಟ. “ನಿನ್ನೆ ಉದ್ಘಾಟನೆಯಾದ ಆಸ್ಪತ್ರೆಯಲ್ಲಿ ವೈದ್ಯರಿಲ್ಲ. ಎಲ್ಲ ಸರಿಯಿದೆಯೆಂದು ಓದಿದವನು ನಾನೇ. ಕ್ಷಮಿಸಿ.” ನಿರ್ದೇಶಕರು ಓಡಿಹೋಗಿ ಪ್ರಸಾರ ನಿಲ್ಲಿಸುವ ಗುಂಡಿಯನ್ನು ಗುದ್ದಿದರು. ರಿಪೇರಿಗೆ ಹಣವಿಲ್ಲದೆ ಅದು ಕೆಟ್ಟು ಮೂರು ವರ್ಷವಾಗಿತ್ತು.

ವಾರ್ತೆ ಮುಗಿಯುತ್ತಲೇ ಸಚಿವರ ಫೋನು ಬಂತು. ನಿರ್ದೇಶಕರು ಎದ್ದು ನಿಂತೇ ಕೇಳಿಸಿಕೊಂಡರು.

“ನಿನ್ನ ಧೈರ್ಯ ಮೆಚ್ಚಿದ್ದಾರಂತೆ,” ಎಂದರು ಪೆಚ್ಚಾಗಿ. “ನಮ್ಮ ಟಿವಿ ಎಷ್ಟು ಸ್ವತಂತ್ರ ನೋಡಿ ಅಂತ ನಾಳೆ ಸದನದಲ್ಲಿ ಇದನ್ನೇ ತೋರಿಸ್ತಾರಂತೆ.”

ಮೇಕಪ್ಪಿನಾಕೆ ಚಪ್ಪಾಳೆ ತಟ್ಟಿದಳು. ಅವನ ಎದೆಯೂ ಉಬ್ಬಿತು. “ಮತ್ತೆ ಅನುದಾನ?”

“ಇಷ್ಟು ಸ್ವತಂತ್ರವಾಗಿರೋರಿಗೆ ಸರ್ಕಾರದ ದುಡ್ಡು ಯಾಕೆ ಅಂತ ಕಡತ ಮುಚ್ಚಿಬಿಟ್ರು. ತಿಂಗಳ ಕೊನೆಗೆ ಕೇಂದ್ರಕ್ಕೆ ಬೀಗ.”

ಚಪ್ಪಾಳೆ ನಿಂತಿತು. ಎಲ್ಲರೂ ಅವನನ್ನು ನುಂಗುವಂತೆ ನೋಡಿದರು. ಅವನು ಹಾಳೆ ಎಳೆದುಕೊಂಡು ಬರೆಯತೊಡಗಿದ.

“ಏನಪ್ಪ ಅದು, ರಾಜೀನಾಮೆನಾ?”

“ಅಲ್ಲ ಸಾರ್, ನೀವು ಈಗ ಹೇಳಿದ್ದೇ. ಅದನ್ನೂ ಓದ್ತೀನಿ. ತಿಂಗಳ ಕೊನೆಗೆ ಇನ್ನೂ ಹನ್ನೊಂದು ದಿನ ಇದೆ.”