ಲೋಕವನ್ನೇ ಹೊತ್ತ ಕರುವಿಗೆ, ನಮ್ಮ ಊರು ಸವೆದುಹೋದ ಬಗ್ಗೆ

ಮಾನ್ಯ ಕರುರಾಯರೇ,

ಏಳು ಶತಮಾನಗಳಿಂದ ಥಾರ್ನ್‌ಮಿನ್ಸ್ಟರ್ ಕೆಥೆಡ್ರಲಿನ ಗೋಡೆಯ ಮೇಲೆ, ಮೈತುಂಬ ಇಡೀ ಭೂಮಂಡಲದ ನಕ್ಷೆಯನ್ನು ಬರೆಸಿಕೊಂಡು ತೂಗುತ್ತಿರುವ ತಮ್ಮ ಚರ್ಮಕ್ಕೆ ಇದೇ ಊರಿನ ಡಾರ್ಕಸ್ ಪ್ರಾಬರ್ಟ್ ಮಾಡುವ ವಿನಯಪೂರ್ವಕ ವಂದನೆಗಳು. ನನ್ನ ಅಕ್ಷರ ಕೋಳಿ ಕೆದರಿದಂತಿರುವುದಕ್ಕೂ, ಕಾಗುಣಿತ ಅಲ್ಲಲ್ಲಿ ತಪ್ಪುವುದಕ್ಕೂ ಮೊದಲೇ ಕ್ಷಮೆ ಕೇಳುತ್ತೇನೆ. ನಾನು ಚಿಕ್ಕ ಶಾಲೆ ಮುಗಿಸಿದವಳೇ ಹೊರತು ದೊಡ್ಡ ಶಾಲೆಯ ಮೆಟ್ಟಿಲು ಹತ್ತಿದವಳಲ್ಲ. ಆದರೆ ತಾವು ಕೂಡ ಬದುಕಿದ್ದಾಗ ಓದುಬರಹಕ್ಕಿಂತ ಹುಲ್ಲನ್ನೇ ಹೆಚ್ಚು ಇಷ್ಟಪಟ್ಟವರಾದ್ದರಿಂದ ಧೈರ್ಯ ಮಾಡಿದ್ದೇನೆ.

ದೂರನ್ನು ತಮಗೇ ಬರೆಯಲು ಕಾರಣವಿದೆ. ಮೊದಲು ಕೆಥೆಡ್ರಲಿನ ಮುಖ್ಯಸ್ಥರಾದ ಡೀನ್ ಅವರ ಬಳಿ ಹೋದೆ. ಅವರು ಸಮಿತಿಯನ್ನು ಕೇಳು ಎಂದರು. ಸಮಿತಿಯವರು ಲಂಡನ್ನಿನಿಂದ ಬಂದಿದ್ದ ತಜ್ಞರನ್ನು ತೋರಿಸಿದರು. ತಜ್ಞರು ಕನ್ನಡಕ ಒರೆಸಿಕೊಂಡು, "ನಮ್ಮದೇನೂ ಇಲ್ಲಮ್ಮ, ಚರ್ಮ ತಡೆಯೋದಿಲ್ಲ, ಅಷ್ಟೇ" ಎಂದು ತಾವಿರುವ ಗೋಡೆಯತ್ತ ಕೈ ಮಾಡಿದರು. ಹೀಗೆ ಎಲ್ಲ ಅಧಿಕಾರಿಗಳೂ ಒಮ್ಮತದಿಂದ ತಮ್ಮನ್ನೇ ಹೊಣೆ ಮಾಡಿರುವಾಗ ಇನ್ನಾರ ಬಾಗಿಲು ತಟ್ಟಲಿ?

ತಮ್ಮ ಹಿರಿಮೆಯನ್ನು ನಾನು ಅಲ್ಲಗಳೆಯುವುದಿಲ್ಲ. ಕುತ್ತಿಗೆಯ ಮೇಲೆ ಸ್ವರ್ಗದ ತೋಟ, ಹೊಟ್ಟೆಯ ನಡುವೆ ಜೆರುಸಲೇಮ್, ಪಕ್ಕೆಯ ಮೇಲೆ ನೋಹನ ಹಡಗು, ಅಂಚಿನಲ್ಲಿ ನಾಯಿಮುಖದವರು, ಒಂದೇ ಪಾದವನ್ನು ಕೊಡೆಯಂತೆ ಎತ್ತಿ ನೆರಳು ಮಾಡಿಕೊಂಡು ಮಲಗಿದ ಒಂಟಿಕಾಲಿನವರು, ಇಷ್ಟು ಜನರನ್ನು ಒಂದು ದಿನವೂ ಕೊಡವಿಕೊಳ್ಳದೆ ಹೊತ್ತ ತಾಳ್ಮೆ ಬೇರೆ ಯಾವ ದನಕ್ಕಿದೆ? ಇಷ್ಟೆಲ್ಲ ತಡೆದುಕೊಂಡ ತಾವು, ಹಿಂಗಾಲಿನ ಬಳಿ ಹುರುಳಿಕಾಳಿನಷ್ಟು ಜಾಗದಲ್ಲಿದ್ದ ನಮ್ಮ ಊರನ್ನು ಮಾತ್ರ ಉಳಿಸಿಕೊಳ್ಳಲಾರದೆ ಹೋದಿರಿ ಎಂಬುದೇ ನನ್ನ ದುಃಖ.

ಊರು ಬಿಟ್ಟು ಹೋಗುವವರು ಬಂದು ನಮ್ಮ ಊರಿನ ಮೇಲೆ ಬೆರಳಿಟ್ಟು ಹೋಗುವುದು, ಮುಟ್ಟಿ ಹೋದವರು ಮರಳಿ ಬರುತ್ತಾರೆಂದು ನಂಬುವುದು, ಇದು ತಾವು ಬಲ್ಲ ಪದ್ಧತಿ. ಯುದ್ಧಕ್ಕೆ ಹೋದವರು ಮುಟ್ಟಿದರು, ಹಡಗು ಹತ್ತಿದವರು ಮುಟ್ಟಿದರು, ಪಕ್ಕದ ಪಟ್ಟಣಕ್ಕೆ ಹಲ್ಲು ಕೀಳಿಸಲು ಹೊರಟ ಬೇಕರಿಯ ಗಫ್ ಕೂಡ ನಡುಗುತ್ತ ಬಂದು ಮುಟ್ಟಿದ. ಹೀಗೆ ಪ್ರೀತಿ ಮಾಡೀ ಮಾಡೀ ಗೋಪುರ, ಕೋಟೆಗೋಡೆ, ಹೆಸರು ಎಲ್ಲವನ್ನೂ ಅಳಿಸಿ ಒಂದು ಜಿಡ್ಡಿನ ಕಲೆ ಉಳಿಸಿದ್ದೇವೆ. ಯಾರೂ ಬೆರಳಿಡದ ಬ್ಯಾಬಿಲೋನ್ ಮಾತ್ರ ನಿನ್ನೆ ಬರೆದಂತಿದೆ. ಇನ್ನು ಮುಟ್ಟಿದರೆ ಊರ ಪಕ್ಕ ಬರೆದ ಹೊಳೆಯೂ ಅಳಿಸಿಹೋಗುತ್ತದೆಂದು ತಜ್ಞರು ಹೆದರಿಸಿದ್ದರಿಂದ ಹೋದ ತಿಂಗಳು ತಮ್ಮ ಮುಂದೆ ದಪ್ಪ ಗಾಜು ಬಂತು. ಕೆಥೆಡ್ರಲಿನಲ್ಲಿ ದೂಳು ಒರೆಸುವವಳು ನಾನಾದ್ದರಿಂದ ಅದನ್ನು ಒರೆಸುವ ಗೌರವವೂ ನನಗೇ ಸಂದಿತು.

ಇದೇ ಸಮಯಕ್ಕೆ, ನನ್ನನ್ನು ಸಾಕಿ ಬೆಳೆಸಿದ ಲೆಟಿಸ್ ಚಿಕ್ಕಮ್ಮ, ಐವತ್ತು ದಾಟಿದ ಮೇಲೆ, ಬರೀ ಪತ್ರದಲ್ಲಿ ಪರಿಚಯವಾದ ಕುರಿ ಸಾಕುವ ವಿಧುರನೊಬ್ಬನನ್ನು ಮದುವೆಯಾಗಲು ನ್ಯೂಜಿಲೆಂಡಿಗೆ ಹೊರಟಳು. ಆ ದೇಶ ತಮ್ಮ ಮೈಮೇಲೆಲ್ಲೂ ಇಲ್ಲವೆಂದು ನಾನು ಎಚ್ಚರಿಸಿದೆ. "ಅಂಚಿನಾಚೆ ಇರಬೇಕು ಬಿಡೇ. ಅವನು ಒಂಟಿಕಾಲಿನವನಾದ್ರೆ ಇನ್ನೂ ಒಳ್ಳೇದು, ಕಾಲುಚೀಲ ಹೆಣೆಯೋ ಕೆಲಸ ಅರ್ಧ ಉಳೀತು" ಎಂದಳು. ಆದರೆ ಮೊನ್ನೆ, ಹೊರಡುವ ಹಿಂದಿನ ದಿನ, ಭಾನುವಾರದ ಪ್ರಾರ್ಥನೆಗೆಂದೇ ಇಟ್ಟ ಟೋಪಿ ಹಾಕಿಕೊಂಡು ತಮ್ಮೆದುರು ಬಂದು ನಿಂತಾಗ ಅವಳ ಮುಖದಲ್ಲಿ ತಮಾಷೆ ಇರಲಿಲ್ಲ.

ಬೆಳ್ಳಿಕೋಲು ಹಿಡಿದು ಕೆಥೆಡ್ರಲನ್ನು ಕಾಯುವ ಸೇವಕರಾದ ಪಾಡ್‌ಮೋರ್ ಅವರು ಅಡ್ಡ ಬಂದರು. "ಲೆಟಿಸಕ್ಕ, ಕೈ ಹಿಂದಕ್ಕೆ. ಇದು ಈಗ ದೇಶದ ಆಸ್ತಿ."

"ನೀನು ಚಿಕ್ಕೋನಿದ್ದಾಗ ನಿನ್ನ ಮೂಗು ಒರೆಸಿದ್ದು ಇದೇ ಕೈ ಕಣೋ. ಆಗ ಯಾವ ಆಸ್ತಿನೂ ಸವೀಲಿಲ್ಲ."

"ನಾನೇನ್ ಮಾಡ್ಲಿ ಅಕ್ಕ, ಬೀಗದ ಕೈ ಡೀನ್ ಹತ್ರ ಇದೆ" ಎಂದ ಪಾಡ್‌ಮೋರ್, ಆಮೇಲೆ ಎದುರಿನ ಬಣ್ಣದ ಕಿಟಕಿಯನ್ನು ಜೀವನದಲ್ಲಿ ಮೊದಲ ಸಲ ಕಂಡವರಂತೆ ಬಹಳ ಹೊತ್ತು ನೋಡುತ್ತ ನಿಂತರು. ಚಿಕ್ಕಮ್ಮ ಕೈಗವಸು ತೆಗೆದು ಬೆರಳನ್ನು ಗಾಜಿನ ಮೇಲೆ ಒತ್ತಿದಳು. "ತಣ್ಣಗಿದೆ ಕಣೇ. ಇದು ಲೆಕ್ಕಕ್ಕೆ ಬರುತ್ತಾ?" ಎಂದು ನನ್ನನ್ನು ಕೇಳಿದಳು. ನಿನ್ನೆಯ ರೈಲಿಗೆ ಅವಳು ಉತ್ತರವಿಲ್ಲದೆಯೇ ಹೋದಳು.

ಆದ್ದರಿಂದ ತಮ್ಮಲ್ಲಿ ನನ್ನ ಸಣ್ಣಪುಟ್ಟ ಬೇಡಿಕೆಗಳಿವೆ. ದಯವಿಟ್ಟು ತಾವು ಭುಜದ ಕಡೆಗೆ ಇನ್ನೊಂದು ಗೇಣು ಬೆಳೆದು, ನ್ಯೂಜಿಲೆಂಡಿಗೂ ಅದರ ಕುರಿಗಳಿಗೂ ಜಾಗ ಮಾಡಿಕೊಡಬೇಕು. ಬ್ಯಾಬಿಲೋನಿನಲ್ಲಿ ವ್ಯರ್ಥವಾಗಿ ಬಿದ್ದಿರುವ ಮಸಿಯಲ್ಲಿ ಸ್ವಲ್ಪವನ್ನು ನಮ್ಮ ಕಡೆಗೆ ಹರಿಸಬೇಕು. ಸಮಿತಿಯ ಸಭೆ ನಡೆಯುವಾಗ ಒಮ್ಮೆ ಗಟ್ಟಿಯಾಗಿ ಅಂಬಾ ಎನ್ನಬೇಕು. ಎಲ್ಲಕ್ಕಿಂತ ಮುಖ್ಯವಾಗಿ, ಗಾಜಿನ ಮೇಲಿಂದ ಮುಟ್ಟಿ ಹೋದವರೂ ಮರಳಿ ಬರುತ್ತಾರೆಯೇ ಎಂಬುದನ್ನು ತಿಳಿಸಬೇಕು. ಬರೆಯುವುದು ಕಷ್ಟವಾದರೆ ಬಾಲ ಆಡಿಸಿದರೂ ಸಾಕು. ಬಾಲವನ್ನು ಯಾರೂ ತೆಗೆದಿಡಲಿಲ್ಲವೆಂದು ಬಲ್ಲೆ, ಆದರೂ ತಮ್ಮಂಥವರಿಗೆ ಅದೇನು ದೊಡ್ಡದು.

ತಮ್ಮ ಚರ್ಮದ ಕ್ಷೇಮವನ್ನು ಸದಾ ಬಯಸುವ,
ತಮ್ಮ ವಿಶ್ವಾಸಿ,
ಡಾರ್ಕಸ್ ಪ್ರಾಬರ್ಟ್

ತಾ.ಕ.: ಭಾನುವಾರ ಬಿಷಪ್ ಬರುವುದರಿಂದ ಗಾಜಿನ ಮೇಲೆ ಒಂದು ಕಲೆಯೂ ಇರಕೂಡದೆಂದು ಸಮಿತಿ ಅಪ್ಪಣೆ ಮಾಡಿದೆ. ಚಿಕ್ಕಮ್ಮನ ಬೆರಳಿನ ಗುರುತು ಸರಿಯಾಗಿ ನಮ್ಮ ಊರಿದ್ದ ಜಾಗದ ಮೇಲೆಯೇ ಕೂತಿದೆ. ಯಾರಾದರೂ ಆಕ್ಷೇಪಿಸಿದರೆ, ಇಷ್ಟು ದೊಡ್ಡ ಪ್ರಪಂಚದಲ್ಲಿ ಸದ್ಯಕ್ಕೆ ಥಾರ್ನ್‌ಮಿನ್ಸ್ಟರ್ ಎಂದು ಇರುವುದು ಅದೊಂದೇ ಎಂದು ತಾವೇ ಹೇಳಬೇಕು. ಈ ಬೆಳಿಗ್ಗೆ ವಿನೆಗರ್ ಹಚ್ಚಿ ಗಾಜನ್ನೆಲ್ಲ ಒರೆಸಿದೆ. ಆ ಗುರುತಿನ ಹತ್ತಿರ ಬಂದಾಗ ಮಾತ್ರ ಬಟ್ಟೆಯನ್ನು ಸುತ್ತು ಹಾಕಿಸಿ ಆಚೆಗೆ ದಾಟಿಸಿದೆ.