ಔಟ್ ಆಗೋತನಕ ಒಂದೇ ಆಟ

ಗೇಮ್ ಅಂಗಡಿ ಇಟ್ಟವರಿಗೆ ನಗುವ ಪ್ರಸಂಗಗಳಿಗೆ ಬರವಿಲ್ಲ, ಬುದ್ಧಿ ಹೇಳುವವರಿಗಂತೂ ಬರವೇ ಇಲ್ಲ. ಎರಡು ಸಾವಿರದ ಇಸವಿಯ ಆಚೀಚೆ ಸಿಂದಗಿಯಲ್ಲಿ ನಾನು ಹಳೆಯ ಟಿವಿ ಗೇಮುಗಳನ್ನು ಕಂಪ್ಯೂಟರಿನಲ್ಲಿ ಎಮ್ಯುಲೇಟರ್ ಎಂಬ ಸಾಫ್ಟ್‌ವೇರ್ ಹಾಕಿ ಆಡಿಸುತ್ತಿದ್ದೆ. ಆಡಲು ಬಾರದವರಿಗೆ ಚೀಟ್ ಕೋಡ್ ಹಾಕಿಕೊಡುತ್ತಿದ್ದೆ. ಆಮೇಲೆ ಎಷ್ಟು ಸಲ ಬಿದ್ದರೂ ಆಟದೊಳಗಿನ ಜೀವ ಮುಗಿಯುತ್ತಿರಲಿಲ್ಲ. "ಮೋಸ ಕಲಸ್ತಾಳ" ಎಂದು ಊರು ಆಡಿಕೊಂಡಿತು. ಆಡಿಕೊಳ್ಳಲಿ! ನಾನು ಯಾರ ಜೀವವನ್ನೂ ತೆಗೆದಿರಲಿಲ್ಲ, ಕೊಟ್ಟಿದ್ದೆ.

ಕನ್ನೊಳ್ಳಿಯ ಕಾಕಾ

ನನ್ನಲ್ಲಿ ದರ ಆಟಕ್ಕಿತ್ತು, ಗಂಟೆಗಲ್ಲ. ಔಟ್ ಆದವರು ಏಳಬೇಕು. ಗೊಬ್ಬರ ಒಯ್ಯಲು ಬಂದ ಕನ್ನೊಳ್ಳಿಯ ಕಾಕಾ ಒಬ್ಬರು ಕೂತ ಕೂಡಲೇ ಔಟಾಗುವುದನ್ನು ನೋಡಲಾರದೆ ಚೀಟ್ ಹಾಕಿದೆ. ಎಡವಿದ್ದು ಅಲ್ಲೇ. ಮಧ್ಯಾಹ್ನ ಬುತ್ತಿಯನ್ನೂ ಅಲ್ಲೇ ಬಿಚ್ಚಿದರು. ಸಂಜೆ ನಾನು, "ಕಾಕಾ, ಇನ್ನ ಏಳ್ರಿ" ಎಂದೆ.

"ಯಾಕ ಏಳ್ಲಿ? ಔಟ್ ಆಗೇನೇನು?"

ಕೊನೆಗೆ ಕರೆಂಟ್ ಹೋಯಿತು. "ಈ ಕರೆಂಟಿನವರು ಮೋಸ ಮಾಡಿದ್ರು ನೋಡು!" ಎಂದು ಬೈಯುತ್ತ ಎದ್ದರು.

ಬೀಗರ ಕುಸ್ತಿ

ಮದುವೆಯ ಜವಳಿಗೆ ಬಂದಿದ್ದ ಇಬ್ಬರು ಬೀಗರು ಬಸ್ಸು ಬರುವ ತನಕ ಹೊಡೆದಾಟದ ಗೇಮಿಗೆ ಕೂತರು. ತಾಂಬಾದ ಹೆಣ್ಣಿನ ತಂದೆ ಮೆಲ್ಲಗೆ ಬಂದು, "ಬೀಗರು ಸೋಲಬಾರ್ದವಾ, ಅವರಿಗೆ ಚೀಟ್ ಹಾಕು" ಎಂದರು. ಸ್ವಲ್ಪ ಹೊತ್ತಿಗೆ ಗಂಡಿನ ತಂದೆಯೂ ಎಲೆಅಡಿಕೆ ಉಗುಳುವ ನೆವದಲ್ಲಿ ಬಂದು ಅದನ್ನೇ ಹೇಳಿದರು. ಇಬ್ಬರಿಗೂ ಹಾಕಿದೆ. ಹೊಡೆದದ್ದೇ ಹೊಡೆದದ್ದು, ಬೀಳುವವರೇ ಇಲ್ಲ!

"ಬೀಗರ, ನೀವ ಗೆಲ್ರಿ."

"ಛೇ ಛೇ, ನಿಮ್ಮ ಮುಂದ ನಾವ್ಯಾಂಗ ಗೆಲ್ಲೂದ್ರಿ?"

ಹೀಗೆ ಉಪಚಾರ ಮಾಡುತ್ತ ಒಬ್ಬರನ್ನೊಬ್ಬರು ಗುದ್ದುತ್ತಿರುವಾಗಲೇ ತಾಂಬಾದ ಬಸ್ಸು ಹೋಯಿತು.

ಮಾಲೀಕ ಮಾಸ್ತರು

ಅಂಗಡಿಯ ಜಾಗ ರಿಟೈರಾದ ಗಣಿತದ ಮಾಸ್ತರರದು. ಆಡಿದ ಮಾತಿಗೆ ಎಂದೂ ತಪ್ಪಿದವರಲ್ಲ. ಒಂದು ದಿನ ಬಾಗಿಲಲ್ಲಿ ನಿಂತು ಗುಡುಗಿದರು: "ಮೋಸಕ್ಕ ನನ್ನ ಜಾಗಾ ಕೊಡೂದಿಲ್ಲ. ಖಾಲಿ ಮಾಡು."

ನನ್ನ ಹೊಟ್ಟೆಪಾಡಿಗೆ ಇದ್ದದ್ದು ಅದೊಂದೇ ಅಂಗಡಿ. ಆದರೂ ಬಗ್ಗಲಿಲ್ಲ. "ಮೋಸಾ ಹ್ಯಾಂಗಿರ್ತದ, ಒಮ್ಮೆ ಆಡಿ ನೋಡಿ ಆಮ್ಯಾಲೆ ಹೇಳ್ರಿ ಸರ್" ಎಂದೆ.

"ಆತು. ಒಂದ ಆಟ. ನಾ ಔಟ್ ಆದ ಕೂಡ್ಲೆ ನೀ ಖಾಲಿ ಮಾಡ್ಬೇಕು."

ಅವರೆದುರಿಗೇ ಚೀಟ್ ಹಾಕಿದೆ.

ಸಂಜೆಯಾದರೂ ಔಟಾಗಲಿಲ್ಲ, ಆಟವನ್ನು ಇದ್ದಲ್ಲಿಗೇ ಸೇವ್ ಮಾಡಿಟ್ಟೆ. ಮರುದಿನ ಪೂಜೆ ಮುಗಿಸಿ ಬಂದು ಮುಂದುವರಿಸಿದರು. ಬೇಸಿಗೆ ಹೋಗಿ ಮಳೆಗಾಲ ಬಂತು. "ಆಕಿ ಖಾಲಿ ಮಾಡಿದಳೇನ್ರಿ?" ಎಂದು ಕೇಳಿದವರಿಗೆಲ್ಲ, "ಆಟ ಇನ್ನೂ ಮುಗದಿಲ್ಲ" ಎನ್ನುತ್ತಿದ್ದರು.

ಒಂದು ದಿನ ಕಂಪ್ಯೂಟರ್ ಕೆಟ್ಟು ನಿಂತಿತು. ಮತ್ತೆ ಚಾಲೂ ಮಾಡಿ ಸೇವ್ ಆಗಿದ್ದ ಆಟ ತೆರೆದೆ, ಚೀಟ್ ಹಾಕುವುದನ್ನು ಮರೆತೆ. ಮಾಸ್ತರು ಬಿದ್ದರು, ಒಂದು ಜೀವ ಹೋಯಿತು. ಮತ್ತೆ ಬಿದ್ದರು. ಉಳಿದದ್ದು ಒಂದೇ. ನಾನು ತೆರೆಯನ್ನೇ ನೋಡುತ್ತ ನಿಂತೆ.

ಅವರು ಆಟ ನಿಲ್ಲಿಸಿ ನನ್ನತ್ತ ತಿರುಗಿದರು.

"ಏನ್ ನೋಡ್ಕೋತ ನಿಂತೀಯವಾ? ಲಗೂ ಮೋಸಾ ಹಾಕು! ಅಂಗಡಿ ಖಾಲಿ ಆದ್ರ ನಾ ಎಲ್ಲೆ ಆಡ್ಲಿ?"