ಧಾರವಾಡಕ್ಕೆ ವೀಸಾ

ಬುಧವಾರ, ಬೆಳಿಗ್ಗೆ ಒಂಬತ್ತೂವರೆ, ಅಮೆರಿಕದ ಆಶ್‌ಬರ್ನಿನ ನಮ್ಮ ಮನೆಯ ಊಟದ ಮೇಜು. ಹಾಜರಿದ್ದವರು: ನಾನು, ಸೊಸೆ ವಿದ್ಯಾ, ಅವಳ ಲ್ಯಾಪ್‌ಟಾಪ್. ಮೂವತ್ತು ವರ್ಷ ಹುಡುಗಿಯರ ಹಾಸ್ಟೆಲಿನ ವಾರ್ಡನ್ ಆಗಿದ್ದವಳಿಗೆ ಹಾಜರಿ ಹಾಕದೆ ಕೆಲಸ ಶುರು ಮಾಡಲು ಬರುವುದಿಲ್ಲ. ಇವತ್ತಿನ ಕೆಲಸ, ನಾನು ಹುಟ್ಟಿದ ಧಾರವಾಡಕ್ಕೆ ಹೋಗಲು ವೀಸಾ ಕೇಳುವುದು.

ನಾನು ಅಮೆರಿಕದ ಪ್ರಜೆಯಾದದ್ದೇ ಧಾರವಾಡಕ್ಕಾಗಿ ಎಂದರೆ ಯಾರೂ ನಂಬುವುದಿಲ್ಲ. ಗ್ರೀನ್ ಕಾರ್ಡಿನವರು ಊರಲ್ಲಿ ಹೆಚ್ಚು ತಿಂಗಳು ಕೂತರೆ ಮರಳುವಾಗ ವಿಮಾನ ನಿಲ್ದಾಣದಲ್ಲಿ ತಕರಾರು. ನನ್ನ ತಂಗಿ ಶಾಂತಾಳ ಮೊಣಕಾಲಿಗೆ ಆಪರೇಷನ್ ಆಗಬೇಕಿತ್ತು. ಅವಳಿಗೆ ನನ್ನನ್ನು ಬಿಟ್ಟರೆ ಯಾರೂ ಇಲ್ಲ. ಪ್ರಜೆಯಾದರೆ ಎಷ್ಟು ದಿನ ಬೇಕಾದರೂ ಇರಬಹುದು, ಆಪರೇಷನ್ ದಿನ ಪಕ್ಕದಲ್ಲೇ ಇರುತ್ತೇನೆ ಎಂದು ಮಾತು ಕೊಟ್ಟೆ.

ಪೌರತ್ವದ ಪರೀಕ್ಷೆಗೆ ವೇಳಾಪಟ್ಟಿ ಹಾಕಿದೆ. ನೂರು ಪ್ರಶ್ನೆ, ದಿನಕ್ಕೆ ಐದು, ಭಾನುವಾರ ಪುನರಾವರ್ತನೆ. ಒಗ್ಗರಣೆ ಹಾಕುತ್ತ ಸೆನೆಟರುಗಳ ಸಂಖ್ಯೆ ಹೇಳಿಕೊಂಡೆ. ಅಧಿಕಾರಿ ಆರು ಕೇಳಿದ, ಆರೂ ಸರಿಯಾದವು, ಸಾಕು ಎಂದ. ಉಳಿದ ತೊಂಬತ್ತನಾಲ್ಕು ಇನ್ನೂ ಜೀರ್ಣವಾಗದೆ ಹೊಟ್ಟೆಯಲ್ಲಿ ಕೂತಿವೆ.

ಆ ನೂರರಲ್ಲಿ ನನಗೆ ಬೇಕಾದ ಒಂದು ಪ್ರಶ್ನೆಯೂ ಇರಲಿಲ್ಲ. ಹೋದ ತಿಂಗಳು ಒಂದು ಗುರುವಾರ ಪ್ರಮಾಣವಚನ, ಶುಕ್ರವಾರ ಪೆಟ್ಟಿಗೆ ಕಟ್ಟುವುದು, ಶನಿವಾರ ವಿಮಾನ ಎಂದು ನಾನೇ ಟಿಕೆಟ್ಟು ತೆಗೆದಿದ್ದೆ. ಗುರುವಾರ ಸಂಜೆ ಪೆಟ್ಟಿಗೆ ಇಳಿಸು ಎಂದಾಗ ವಿದ್ಯಾ ಮೆಲ್ಲಗೆ, "ಅತ್ತೆ, ನಿಮ್ಮ ಇಂಡಿಯನ್ ಪಾಸ್‌ಪೋರ್ಟ್ ಇನ್ನು ಯೂಸ್ ಮಾಡೋ ಹಾಗಿಲ್ಲ. ಇಲ್ಲಿಯದಕ್ಕೆ ಅಪ್ಲೈ ಮಾಡ್ಬೇಕು, ಅದು ಬಂದ್ಮೇಲೆ ವೀಸಾ" ಎಂದಳು. ಮೊದಲೇ ಏಕೆ ಹೇಳಲಿಲ್ಲ ಎಂದರೆ, ನೀವು ಟಿಕೆಟ್ ತಗೊಂಡಿದ್ದೇ ಹೇಳಲಿಲ್ಲವಲ್ಲ ಎಂದಳು. ನಿಜ. ನನ್ನ ವೇಳಾಪಟ್ಟಿಯ ಬಗ್ಗೆ ಯಾರನ್ನಾದರೂ ಕೇಳುವ ಅಭ್ಯಾಸ ನನಗಿಲ್ಲ.

ಹೊಸ ಪಾಸ್‌ಪೋರ್ಟ್ ನಿನ್ನೆ ಬಂತು. ಶಾಂತಾಳ ಆಪರೇಷನ್ ಹೋದ ವಾರವೇ ಆಗಿಹೋಯಿತು. ಪಕ್ಕದ ಮನೆಯಾಕೆ ಜೊತೆಗಿದ್ದರಂತೆ.

ಅರ್ಜಿಯಲ್ಲಿ, ಭಾರತದಲ್ಲಿ ನನ್ನನ್ನು ಬಲ್ಲವರೊಬ್ಬರ ಹೆಸರು ಕೇಳಿದ್ದರು. ಒಪ್ಪಿಗೆಯಿಲ್ಲದೆ ಹೆಸರು ಕೊಡುವುದು ಶಿಸ್ತಲ್ಲ ಎಂದು ಶಾಂತಾಳಿಗೆ ಸ್ಪೀಕರ್ ಹಾಕಿ ಫೋನು ಮಾಡಿದೆ.

"ನಿನ್ನ ಗುರುತು ನಾ ಹೇಳಬೇಕೇನಕ್ಕಾ?" ಎಂದಳು ಶಾಂತಾ. ಆಮೇಲೆ, "ಬರಕೋ. ಆದ್ರ ಅವ್ರು ಕೇಳಿದ್ರ, ಬರ್ತೀನಂತ ಹೇಳಿ ಬರಲಾರದಾಕಿ ಅಂತ ಹೇಳ್ತೀನಿ ನೋಡು."

ವಿದ್ಯಾ ನಕ್ಕಳು. ನಾನು ಹೆಸರು ತುಂಬಿದೆ.

ಭೇಟಿಯ ಉದ್ದೇಶ ಎಂಬಲ್ಲಿ ತಂಗಿಯ ಆರೈಕೆ ಎಂದು ಬರೆಯಲು ಜಾಗವಿರಲಿಲ್ಲ. 'ಪ್ರವಾಸ' ಎಂಬುದನ್ನು ಆರಿಸಿ, ಹತ್ತೂಕಾಲಿಗೆ ಸರಿಯಾಗಿ ಅರ್ಜಿ ಕಳಿಸಿದೆ. ಸುಳ್ಳೇನಲ್ಲ. ಶಾಂತಾ ಈಗಾಗಲೇ ಕೋಲು ಹಿಡಿದು ನಡೆಯುತ್ತಾಳಂತೆ. ನಾನು ಹೋಗಿ ನೋಡುವುದಷ್ಟೇ ಬಾಕಿ.